11 ನಿಮಿಷದ ಕಿರುಚಿತ್ರದಲ್ಲಿ 4 ನಿಮಿಷ ಒಂದೇ ಶಾಟ್: ಇಡಲೋ, ಕತ್ತರಿಸಲೋ?

ಬೆಳಕಿಂಡಿ, ಬಾಗಲಕೋಟೆ:

ಎಲ್ಲರಿಗೂ ನಮಸ್ಕಾರ. ಒಂದು ಜಗಳ ಬಗೆಹರಿಸಿಕೊಡಿ. ಜಗಳ ನನಗೂ ನನ್ನ ಎಡಿಟರ್‌ಗೂ. ಎಡಿಟರ್ ಎಂದರೆ ಒಡಹುಟ್ಟಿದ ತಮ್ಮನೇ. ಹಾಗಾಗಿ ಊಟಕ್ಕೆ ಕೂತರೂ ಅದೇ ಮಾತು, ಅವ್ವ ಇಬ್ಬರಿಗೂ ಬೈದು ಸುಸ್ತಾಗಿದ್ದಾಳೆ.

ನಾನು ಮಾಡಿರುವ ಚಿತ್ರದಲ್ಲಿ ಕಥೆ ಇಲ್ಲ, ಸಂಭಾಷಣೆ ಇಲ್ಲ. ಪ್ರಯೋಗಾತ್ಮಕ ಎಂದು ಕರೆಯುವವರು ಕರೆಯಲಿ. ಅದರಲ್ಲಿ ಕಾಣುವುದು ಗುಳೇದಗುಡ್ಡದಲ್ಲಿರುವ ನನ್ನ ಚಿಗವ್ವ ಒಬ್ಬಳೇ. ಚಿಗಪ್ಪ ತೀರಿಕೊಂಡ ಮೇಲೆ ಮನೆಯ ಮಗ್ಗ ನಿಂತಿತು. ಮಗ ಇಚಲಕರಂಜಿಯ ಪವರ್‌ಲೂಮ್‌ಗೆ ಹೋದ, ದೀಪಾವಳಿಗೆ ಬಂದರೆ ಬಂದ. ಚಿಗವ್ವ ಪಕ್ಕದ ಮನೆಯ ಖಣದ (ರವಿಕೆ ಬಟ್ಟೆಯ) ಮಗ್ಗಕ್ಕೆ ಕಂಡಿಕೆ, ಎಂದರೆ ಲಾಳಿಯೊಳಗೆ ಕೂರುವ ನೂಲಿನ ಸಣ್ಣ ಉರುಳೆ, ಸುತ್ತಿಕೊಟ್ಟು ಬದುಕುತ್ತಾಳೆ.

ಮನೆ ಹಳೆಯ ಕಾಲದ ಮಾಳಿಗೆ ಮನೆ. ಮಣ್ಣಿನ ಛಾವಣಿ, ಮೊಳದಗಲದ ಗೋಡೆ, ಬೀದಿಯ ಕಡೆಗೆ ಒಂದೇ ಕಿಟಕಿ. ನೂಲಿಗೆ ಧೂಳು ಕೂರುತ್ತದೆಂದು ಅದನ್ನೂ ಮುಚ್ಚಿಯೇ ಇಡುತ್ತಾಳೆ. ಒಳಗೆ ಬೆಳಕು ಬರುವುದು ಛಾವಣಿಯ ಬೆಳಕಿಂಡಿಯಿಂದ ಮಾತ್ರ. ಮುಂಜಾನೆ ಆ ಬೆಳಕಿನ ತುಂಡು ಗೋಡೆಯ ಮಾಡದ ಹತ್ತಿರ ಬೀಳುತ್ತದೆ, ಮೆಲ್ಲಗೆ ಇಳಿದು ಮಧ್ಯಾಹ್ನ ಪಡಸಾಲೆಯ ನಡುವಿಗೆ ಬರುತ್ತದೆ, ಹೊತ್ತು ಇಳಿದಂತೆ ಎದುರು ಗೋಡೆ ಹತ್ತುತ್ತದೆ. ಚಿಗವ್ವ ರಾಟಿ ಎತ್ತಿಕೊಂಡು ಅದರ ಹಿಂದೆಯೇ ಸರಿಯುತ್ತಾಳೆ. ಟ್ಯೂಬ್‌ಲೈಟ್ ಇದೆ, ಆದರೆ ಹಗಲಿನಲ್ಲಿ ಕರೆಂಟು ಸುಡುವುದು ಅವಳಿಗೆ ಆಗದ ಮಾತು.

ಈಗ ಜಗಳದ ಶಾಟ್. ಕ್ಯಾಮೆರಾ ಎಂದರೆ ನನ್ನ ಮೊಬೈಲೇ. ಅವಳು ನೆಲದ ಮೇಲೆ ಕೂತಾಗ ಕಣ್ಣು ಎಷ್ಟು ಎತ್ತರಕ್ಕಿರುತ್ತದೋ ಅಷ್ಟೇ ಎತ್ತರಕ್ಕೆ ಇಟ್ಟಿದ್ದೆ. ಬಲಗೈ ರಾಟಿ ತಿರುಗಿಸುತ್ತದೆ, ಎಡಗೈಯ ಬೆರಳ ಸಂದಿಯಿಂದ ಎಳೆ ಹರಿದು ಕಂಡಿಕೆಗೆ ಸೇರುತ್ತದೆ. ಒಂದೂವರೆ ನಿಮಿಷವಾದ ಮೇಲೆ ಕೈ ನಿಲ್ಲುತ್ತದೆ. ಮುಖ ತುಸು ಎಡಕ್ಕೆ ತಿರುಗುತ್ತದೆ. ಮತ್ತೆ ರಾಟಿ. ಮತ್ತೆ ನಿಲ್ಲುತ್ತದೆ, ಈ ಸಲ ತುಟಿಯ ಕೊನೆಯಲ್ಲಿ ಸಣ್ಣ ನಗು. ಮತ್ತೆ ರಾಟಿ. ಇಷ್ಟೇ, 4 ನಿಮಿಷ.

ಯಾಕೆ ನಕ್ಕೆ ಎಂದು ಆಮೇಲೆ ಕೇಳಿದೆ. "ಪಕ್ಕದ ಮಗ್ಗ ನಿಂತಿತಲ್ಲ. ಎಳೆ ಹರಿದಿದ್ದರೆ ಇಷ್ಟು ಹೊತ್ತು ಹಿಡಿಯುವುದಿಲ್ಲ. ಹೆಂಡತಿಗೆ ಹೇಳದೆ ಚಹಾದ ಅಂಗಡಿಗೆ ಹೋಗಿದ್ದಾನೆ. ಈಗ ನೋಡು, ಅವಳು ಬಾಗಿಲಿಗೆ ಬಂದು ಕೂಗುತ್ತಾಳೆ" ಎಂದಳು. ಹೇಳಿ ಮುಗಿಸುವುದರೊಳಗೆ ಹೊರಗೆ ಕೂಗು ಕೇಳಿಸಿತು. ಆ ಓಣಿಯಲ್ಲಿ ಯಾರು ಬಂದರು, ಯಾರು ಹೋದರು, ಯಾರ ಚಪ್ಪಲಿಯ ಉಂಗುಷ್ಟ ಕಿತ್ತಿದೆ, ಯಾರ ಮನೆಗೆ ಬೀಗರು ಬಂದಿದ್ದಾರೆ, ಎಲ್ಲವೂ ಅವಳಿಗೆ ಗೋಡೆಯೊಳಗಿಂದಲೇ ಗೊತ್ತು.

ತಮ್ಮ ಹೇಳುತ್ತಾನೆ: "ಅಕ್ಕ, ಅದು ನಿನಗೆ ಗೊತ್ತು, ನೋಡುವವರಿಗೆ ಗೊತ್ತಿಲ್ಲ. ಅವರಿಗೆ ಕಾಣುವುದು ರಾಟಿ ತಿರುಗಿಸುವ ಒಬ್ಬ ಹೆಂಗಸು. 40 ಸೆಕೆಂಡು ಸಾಕು." ತೋರಿಸಿದ ಗೆಳತಿಯರಲ್ಲಿ ಒಬ್ಬಳು, ಕದ್ದು ನೋಡಿದ ಹಾಗಿದೆ ಎಂದಳು. ಇನ್ನೊಬ್ಬಳು, ಪಾಪ, ಎಷ್ಟು ಒಂಟಿ ಜೀವ ಎಂದು ಕಣ್ಣೊರೆಸಿಕೊಂಡಳು. ಈ "ಪಾಪ" ಕೇಳಿ ನನಗೆ ಮೈಯೆಲ್ಲ ಉರಿಯಿತು. ಅವಳನ್ನು ನಾವು ನೋಡುತ್ತಿದ್ದೇವೆ ಎನ್ನುವುದಕ್ಕಿಂತ ಅವಳು ಇಡೀ ಓಣಿಯನ್ನು ಗಮನಿಸುತ್ತಿದ್ದಾಳೆ ಎನ್ನುವುದೇ ನನ್ನ ಚಿತ್ರ.

ಹಾಗಾದರೆ ಶಾಟ್ ಪೂರ್ತಿ ಇಡಲೇ? ಅವಳ ಆ ವಿವರಣೆಯನ್ನು ಶಾಟ್ ಮೇಲೆ ಧ್ವನಿಯಾಗಿ ಹಾಕಲೇ? ಹಾಕಿದರೆ ಒಗಟು ಬಿಡಿಸಿ ಕೈಗೆ ಕೊಟ್ಟಂತಾಗುತ್ತದೆ ಎಂಬ ಭಯ. ಅನುಭವ ಇದ್ದವರು ಹೇಳಿ.

ಹಳೇ ರೀಲು, ಬೆಳಗಾವಿ:

ತಂಗಿ, ತಮ್ಮನ ಪರವಾಗಿ ಮಾತನಾಡುವವರೂ ಒಬ್ಬರು ಬೇಕಲ್ಲ, ನಾನಿದ್ದೇನೆ. ಉದ್ದ ಇಟ್ಟ ಮಾತ್ರಕ್ಕೆ ಶಾಟ್ ಕಲೆ ಆಗುವುದಿಲ್ಲ. ಕಾಲೇಜು ಹುಡುಗರ ಕಿರುಚಿತ್ರ ಸ್ಪರ್ಧೆಗಳಿಗೆ ನನ್ನನ್ನು ಆಗಾಗ ತೀರ್ಪುಗಾರನೆಂದು ಕೂರಿಸುತ್ತಾರೆ. ಹೆಣ್ಣಿನ ಒಂಟಿತನ ಎಂದರೆ ಎಲ್ಲರದೂ ಒಂದೇ ಮಂತ್ರ: ತಿರುಗುವ ಫ್ಯಾನು, ಖಾಲಿ ಕುರ್ಚಿ, ಕಿಟಕಿಯ ಸರಳು ಹಿಡಿದ ಹುಡುಗಿ, ತೊಟ್ಟಿಕ್ಕುವ ನಳ. ನಳ ತೊಟ್ಟಿಕ್ಕಿದರೆ ಪ್ಲಂಬರ್‌ನನ್ನು ಕರೆಯಬೇಕು, ಕ್ಯಾಮೆರಾದವನನ್ನಲ್ಲ.

ಆದರೆ ಉದ್ದ ಶಾಟ್ ಗೆದ್ದ ಕಡೆ ಯಾಕೆ ಗೆದ್ದಿತು ಎಂದೂ ನೋಡಬೇಕು. ಬೆಲ್ಜಿಯಂನ ಶಾಂತಾಲ್ ಅಕರ್‌ಮನ್ 1975ರಲ್ಲಿ 'ಜಾನ್ ದಿಲ್ಮಾನ್' ತೆರೆಗೆ ತಂದಾಗ ಆಕೆಗೆ 25ರ ಆಸುಪಾಸು. ಬ್ರಸೆಲ್ಸ್‌ನ ಒಬ್ಬ ವಿಧವೆ, ಅವಳ ಮೂರು ದಿನಗಳು, ಒಟ್ಟು 201 ನಿಮಿಷ. ಮೊದಲ ದಿನ ಪ್ರತಿ ಕೆಲಸವೂ ಹೊತ್ತಿಗೆ ಸರಿಯಾಗಿ ನಡೆಯುತ್ತದೆ. ಎರಡನೆಯ ದಿನ ಒಲೆಯ ಮೇಲಿನ ಆಲೂಗಡ್ಡೆ ಅತಿಯಾಗಿ ಬೆಂದುಹೋಗುತ್ತದೆ. ಬೇರೆ ಯಾವ ಚಿತ್ರದಲ್ಲಾದರೂ ಅದನ್ನು ಯಾರು ಕೇಳುತ್ತಾರೆ? ಇಲ್ಲಿ ಮಾತ್ರ ಎದೆ ಧಸಕ್ಕೆನ್ನುತ್ತದೆ, ಏಕೆಂದರೆ ಆ ಹೊತ್ತಿಗೆ ಅವಳ ಅಡುಗೆಮನೆಯ ಕ್ರಮ ನಮಗೂ ಬಾಯಿಪಾಠವಾಗಿರುತ್ತದೆ. ಕ್ಯಾಮೆರಾ ಅಲುಗುವುದಿಲ್ಲ, ಕಣ್ಣೀರು ಹುಡುಕಿಕೊಂಡು ಮುಖದ ಹತ್ತಿರ ಹೋಗುವುದಿಲ್ಲ. ಛಾಯಾಗ್ರಹಣ ಬಾಬೆಟ್ ಮಾಂಗೋಲ್ಟ್ ಎಂಬಾಕೆಯದು, ತಂಡದಲ್ಲಿ ಬಹುಪಾಲು ಹೆಂಗಸರೇ. 2022ರಲ್ಲಿ ಬ್ರಿಟನ್ನಿನ 'ಸೈಟ್ ಆಂಡ್ ಸೌಂಡ್' ಪತ್ರಿಕೆ ನಡೆಸಿದ ವಿಮರ್ಶಕರ ಮತಗಣನೆಯಲ್ಲಿ ಮೊದಲ ಸ್ಥಾನಕ್ಕೆ ಬಂದದ್ದು ಇದೇ ಚಿತ್ರ.

ಈಗ ಹೇಳಿ, ನಿಮ್ಮ 4 ನಿಮಿಷದ ಶಾಟ್ ಚಿತ್ರದಲ್ಲಿ ಎಲ್ಲಿ ಬರುತ್ತದೆ?

ಬೆಳಕಿಂಡಿ, ಬಾಗಲಕೋಟೆ:

ಎರಡನೆಯ ನಿಮಿಷಕ್ಕೇ ಶುರುವಾಗುತ್ತದೆ ಸರ್. ಬೆಳಗಿನ ಬೆಳಕು, ಬೀದಿ ಬಾಗಿಲು, ಆಮೇಲೆ ಇದು. ನೀರು ತರುವುದು, ರೊಟ್ಟಿ ಬಡಿಯುವುದು, ನೂಲಿನ ಲಡಿ ಬಿಚ್ಚುವುದು ಎಲ್ಲ ಇದರ ನಂತರ.

ಹಳೇ ರೀಲು, ಬೆಳಗಾವಿ:

ತೊಡಕು ಇರುವುದೇ ಅಲ್ಲಿ. ಪಕ್ಕದ ಮಗ್ಗದ ಸದ್ದು ನಮ್ಮ ಕಿವಿಗೆ ಇನ್ನೂ ರೂಢಿಯಾಗಿಲ್ಲ, ಅದು ನಿಂತರೆ ನಮಗೇನು? ರೊಟ್ಟಿ ಬಡಿಯುವಾಗಲೂ ಆ ಸದ್ದು ಇರಲಿ, ಲಡಿ ಬಿಚ್ಚುವಾಗಲೂ ಇರಲಿ. ಒಂದೆರಡು ಸಲ ನಿಂತು ಮತ್ತೆ ಶುರುವಾಗಲಿ. ಆಮೇಲೆ ಏಳನೆಯ ನಿಮಿಷಕ್ಕೆ ಈ ಶಾಟ್ ತನ್ನಿ. ಆಗಲೂ ತಮ್ಮ ಕತ್ತರಿ ಹಿಡಿದರೆ ಕತ್ತರಿಯನ್ನು ನನಗೆ ಕಳಿಸಿ.

ಸೆರಗು, ಇಳಕಲ್ಲು:

ಅಕ್ಕ, ನಾನು ಸಿನಿಮಾದವಳಲ್ಲ, ಮಗ್ಗದ ಮನೆಯವಳು. ಸೀರೆಯ ಒಡಲಿನ ಹಾಸಿಗೂ (ಮಗ್ಗದ ಉದ್ದ ಎಳೆಗಳಿಗೂ) ಸೆರಗಿನ ಹಾಸಿಗೂ ಎಳೆಎಳೆಯಾಗಿ ಕೊಂಡಿ ಹಾಕಿ ಸೇರಿಸುವ ತೋಪು ತೆನಿ ಕೆಲಸ ನಮ್ಮ ಮನೆಯಲ್ಲಿ ಹೆಂಗಸರದೇ. ಕ್ಯಾಮೆರಾದವರು ನಮ್ಮ ಊರಿಗೆ ಬರುತ್ತಲೇ ಇರುತ್ತಾರೆ. ಬಂದವರೆಲ್ಲ ಮೊದಲು ಕೈ ತೆಗೆಯುತ್ತಾರೆ. ಬಳೆ, ಬೆರಳು, ಕೆಂಪು ಸೆರಗು. ಮುಖ ತೆಗೆದರೂ ಕೆಳಗೆ ನೋಡಿ ಎನ್ನುತ್ತಾರೆ. ಒಬ್ಬರು ಡ್ರೋನ್ ಕೂಡ ತಂದಿದ್ದರು. ನೆಲದ ಕುಣಿಯಲ್ಲಿ ಕಾಲಿಟ್ಟು ನೇಯುವ ಕುಣಿಮಗ್ಗದ ಮನೆಯೊಳಗೆ ಡ್ರೋನ್ ಹಾರಿಸಿ ಏನು ನೋಡುವವರಿದ್ದರೋ ಅವರನ್ನೇ ಕೇಳಬೇಕು.

ನಿಮ್ಮ ಶಾಟ್ ಬಗ್ಗೆ ಒಂದು ಮಾತು. ಕಂಡಿಕೆ ಸುತ್ತುವವಳಿಗೆ ಎಳೆಯ ಮೇಲೆ ಕಣ್ಣು ಬೇಕಾಗಿಲ್ಲ. ಎಳೆ ದಪ್ಪವಾದರೆ, ಗಂಟು ಬಂದರೆ, ಹರಿದರೆ ಬೆರಳಿಗೇ ಮೊದಲು ತಿಳಿಯುತ್ತದೆ. ಕಣ್ಣು, ಕಿವಿ, ಬಾಯಿ ಮೂರೂ ಖಾಲಿ ಇರುತ್ತವೆ. ಆದ್ದರಿಂದಲೇ ಕಂಡಿಕೆ ಸುತ್ತುವ ಹೆಂಗಸಿಗೆ ಊರ ಸುದ್ದಿಯೆಲ್ಲ ಗೊತ್ತಿರುವುದು. ನೇಯುವ ಗಂಡಸಿಗೆ ಆ ಪುರುಸೊತ್ತಿಲ್ಲ. ಅವನ ಕೈಯಲ್ಲಿ ಲಾಳಿ, ಕಾಲು ಕುಣಿಯಲ್ಲಿ, ಕಣ್ಣು ಬಟ್ಟೆಯ ಅಂಚಿನ ಮೇಲೆ. ನಿಮ್ಮ ಶಾಟ್‌ನಲ್ಲಿ ಚಿಗವ್ವನ ಕಣ್ಣು ಕಾಣುತ್ತದೆಯೇ, ಅಥವಾ ನೀವೂ ಕೈಗೇ ಗಂಟು ಬಿದ್ದಿದ್ದೀರಾ?

ಇನ್ನೊಂದು, ಸಿಟ್ಟು ಮಾಡಬೇಡಿ. ಸಂಭಾಷಣೆ ಇಲ್ಲ ಎಂದು ಹೆಮ್ಮೆಯಿಂದ ಬರೆದಿದ್ದೀರಿ. ಚಹಾದ ಅಂಗಡಿಯ ಮಾತು ಎಷ್ಟು ಚಂದ ಹೇಳಿದ್ದಾರೆ ಆಕೆ! ಅಂಥ ಬಾಯಿ ಇರುವ ಹೆಂಗಸನ್ನು 11 ನಿಮಿಷ ಯಾಕೆ ಮೂಗಿಯಾಗಿ ಕೂರಿಸಿದಿರಿ? ಕಲಾತ್ಮಕ ಚಿತ್ರದ ಹೆಂಗಸು ಮಾತನಾಡಬಾರದು ಎಂದು ಎಲ್ಲಿ ಬರೆದಿದೆ? ನೋಡಿದವರು "ಪಾಪ" ಎನ್ನದೆ ಇನ್ನೇನು ಅಂದಾರು?

ಗವಾಕ್ಷ, ವಿಜಯಪುರ:

ಚರ್ಚೆ ಚೆನ್ನಾಗಿದೆ. ಬ್ರಿಟನ್ನಿನ ಸಿನಿಮಾ ಚಿಂತಕಿ ಲಾರಾ ಮಲ್ವಿ 1975ರಲ್ಲಿ 'ಸ್ಕ್ರೀನ್' ಪತ್ರಿಕೆಯಲ್ಲಿ ಬರೆದ ಪ್ರಬಂಧದಲ್ಲಿ ಸಿನಿಮಾದಲ್ಲಿ ಮೂರು ನೋಟಗಳಿರುತ್ತವೆ ಎಂದಿದ್ದಾರೆ: ಚಿತ್ರೀಕರಿಸುವ ಕ್ಯಾಮೆರಾದ್ದು, ಮುಗಿದ ಚಿತ್ರ ನೋಡುವ ಪ್ರೇಕ್ಷಕನದ್ದು, ಪಾತ್ರಗಳು ಒಬ್ಬರನ್ನೊಬ್ಬರು ನೋಡುವುದು. ರೂಢಿಯ ಸಿನಿಮಾ ಮೊದಲ ಎರಡನ್ನು ಅಡಗಿಸಿ ಮೂರನೆಯದನ್ನಷ್ಟೇ ತೋರಿಸುತ್ತದೆ. ನಿಮ್ಮ ಚಿತ್ರದಲ್ಲಿ ಅವಳನ್ನು ತಿರುಗಿ ನೋಡುವ ಇನ್ನೊಂದು ಪಾತ್ರವೇ ಇಲ್ಲವಾದ್ದರಿಂದ ಕ್ಯಾಮೆರಾದ ನೋಟ ಬೆತ್ತಲಾಗಿ ನಿಂತಿದೆ. ಗೆಳತಿಗೆ ಕದ್ದು ನೋಡಿದಂತೆ ಅನಿಸಿದ್ದು ಅದಕ್ಕೇ ಇರಬೇಕು.

ಅಮೆರಿಕದ ಪ್ರಯೋಗಾತ್ಮಕ ಚಿತ್ರಗಳ ನಿರ್ದೇಶಕಿ ಮಾಯಾ ಡೆರೆನ್ 1943ರಲ್ಲಿ ಪತಿ ಅಲೆಕ್ಸಾಂಡರ್ ಹ್ಯಾಮಿಡ್ ಜೊತೆ ಲಾಸ್ ಏಂಜಲಿಸ್‌ನ ತಮ್ಮದೇ ಮನೆಯಲ್ಲಿ ತೆಗೆದ 'ಮೆಶಸ್ ಆಫ್ ದಿ ಆಫ್ಟರ್‌ನೂನ್' ಸುಮಾರು 14 ನಿಮಿಷದ್ದು. ಅಲ್ಲಿ ಕಿಟಕಿಯಿಂದ ಹೊರಗೆ ನೋಡುವವಳೂ ಡೆರೆನ್ನೇ ನಟಿಸಿದ ಹೆಂಗಸು, ಹೊರಗೆ ದಾರಿಯಲ್ಲಿ ಓಡುತ್ತಿರುವವಳೂ ಅವಳೇ. ಮುಖದ ಜಾಗದಲ್ಲಿ ಕನ್ನಡಿ ಇರುವ ಕಪ್ಪು ಉಡುಪಿನ ಆಕೃತಿಯೊಂದರ ಬೆನ್ನು ಹತ್ತಿದ್ದಾಳೆ. ನೋಡುವವಳೂ ನೋಡಿಸಿಕೊಳ್ಳುವವಳೂ ಒಬ್ಬಳೇ ಆದಾಗ ಕದ್ದು ನೋಡುವ ಪ್ರಶ್ನೆಯೇ ಉಳಿಯುವುದಿಲ್ಲ. ನೀವೂ ಚಿಗವ್ವನನ್ನು ಒಮ್ಮೆ ಬೀದಿಯಲ್ಲಿ, ತನ್ನದೇ ಕಿಟಕಿಯ ಹೊರಗೆ ನಿಲ್ಲಿಸಿ ತೆಗೆದರೆ ಹೇಗೆ? ನಮ್ಮ ಇಬ್ರಾಹಿಂ ರೋಜಾದ ಕಲ್ಲಿನ ಜಾಲಂದ್ರಗಳ ಹಿಂದೆಯೂ ಒಂದು ದೃಶ್ಯ ತೆಗೆಯಬಹುದು. ಹಿನ್ನೆಲೆಗೆ ಗೋಳಗುಮ್ಮಟದ ಪಿಸುಮಾತಿನ ಪ್ರತಿಧ್ವನಿ ಬಳಸಿದರೆ ಏಕಾಂತದ ಅರ್ಥ ವಿಸ್ತಾರವಾಗುತ್ತದೆ.

ಬೆಳಕಿಂಡಿ, ಬಾಗಲಕೋಟೆ:

ಗವಾಕ್ಷ ಸರ್, ಮೂರು ನೋಟದ ಮಾತು ಉಪಯೋಗಕ್ಕೆ ಬಂತು. ಆದರೆ ಚಿಗವ್ವನನ್ನು ಇಬ್ರಾಹಿಂ ರೋಜಾಕ್ಕೆ ಕರೆದೊಯ್ದರೆ ಅವಳು ಮೊದಲು ಕೇಳುವುದು ಆ ದಿನದ ಕಂಡಿಕೆ ಯಾರು ಸುತ್ತುತ್ತಾರೆ ಎಂದು. ಗುಮ್ಮಟದ ಪ್ರತಿಧ್ವನಿಯಂತೂ ಬೇಡವೇ ಬೇಡ, ಅದನ್ನು ಬಳಸದ ಕಿರುಚಿತ್ರ ವಿಜಯಪುರದ ಸುತ್ತಮುತ್ತ ಒಂದಾದರೂ ಉಳಿದಿದೆಯೇ?

ಇಳಕಲ್ಲಿನ ತಂಗಿ, ಕಣ್ಣು ಕಾಣುತ್ತದೆ. ಕೈ ಮಾತ್ರ ಬರುವಂತೆ ಒಂದು ಶಾಟನ್ನೂ ತೆಗೆದಿಲ್ಲ. ಮೂಗಿ ಎಂದ ಮಾತಿಗೆ ನನ್ನ ಬಳಿ ಉತ್ತರ ಸಿದ್ಧವಿತ್ತು, ಮಾತು ಬಂದರೆ ಜನ ನೋಡುವುದನ್ನು ಬಿಟ್ಟು ಕೇಳುತ್ತಾರೆ ಎಂದು. ಅದನ್ನು ಬರೆಯುತ್ತಿರುವಾಗ ತಮ್ಮ ಹೆಗಲ ಮೇಲಿಂದ ಓದಿ, "ಕೇಳಲಿ ಎಂದೇ ಅಲ್ಲವೇ ನೀನು ಚಿತ್ರ ಮಾಡಿದ್ದು?" ಎಂದ. ತಮ್ಮಂದಿರಿಗೆ ಒಮ್ಮೊಮ್ಮೆ ಬುದ್ಧಿ ಇರುತ್ತದೆ.

ಮೈಕು, ಜಮಖಂಡಿ:

ಮದುವೆ, ಜಾತ್ರೆ, ನಾಟಕ ಎಲ್ಲಕ್ಕೂ ಧ್ವನಿ ಮುದ್ರಿಸುವವನು ನಾನು. ನಿಮ್ಮ ಜಗಳದ ಮೂಲ ಬೇರೆ ಕಡೆ ಇದೆ ಅನಿಸುತ್ತದೆ. ಧ್ವನಿಯನ್ನೂ ಮೊಬೈಲ್‌ನಲ್ಲೇ ಹಿಡಿದಿದ್ದೀರಿ ತಾನೆ? ಮೊಬೈಲ್ ತಾನೇ ತಾನಾಗಿ ಧ್ವನಿಯ ಮಟ್ಟ ಏರಿಸಿ ಇಳಿಸಿ ಮಾಡುತ್ತಿರುತ್ತದೆ. ಜೋರು ಸದ್ದು ಬಂದರೆ ಅದನ್ನು ಅದುಮುತ್ತದೆ, ಸದ್ದು ನಿಂತರೆ ಉಳಿದದ್ದನ್ನೆಲ್ಲ ಎತ್ತಿ ಹಿಡಿಯುತ್ತದೆ. ಪಕ್ಕದ ಮಗ್ಗ ನಿಂತ ಕ್ಷಣದಲ್ಲಿ ನಿಮ್ಮ ಚಿತ್ರದಲ್ಲಿ ನಿಶ್ಶಬ್ದ ಇರಲಿಕ್ಕಿಲ್ಲ, ಸುಯ್ ಎಂಬ ಸದ್ದು ಮೇಲೇರಿರುತ್ತದೆ. ಮಗ್ಗ ನಿಂತದ್ದೇ ಗೊತ್ತಾಗದಿದ್ದರೆ ಆಕೆ ಯಾಕೆ ನಿಂತಳು ಎಂದು ಯಾರಿಗೆ ಗೊತ್ತಾಗಬೇಕು? ತಮ್ಮ ಕೇಳಿದ್ದು ಅದೇ ಧ್ವನಿ, ಅವನದೇನು ಹೇಳಿ.

ಮತ್ತೊಮ್ಮೆ ಗುಳೇದಗುಡ್ಡಕ್ಕೆ ಹೋಗಿ. ಧ್ವನಿಯ ಮಟ್ಟವನ್ನು ಕೈಯಿಂದ ನಿಗದಿ ಮಾಡುವ ಸಣ್ಣ ರೆಕಾರ್ಡರ್ ಬೇಕು, ಬಾಡಿಗೆಗೂ ಸಿಗುತ್ತದೆ. ಚಿಗವ್ವ ಕೂರುವ ಜಾಗದಲ್ಲೇ ಆಕೆಯ ಕಿವಿಯ ಎತ್ತರಕ್ಕೆ ಇಡಿ. ಮಗ್ಗದ ಮನೆಯೊಳಗೆ ಇಟ್ಟು ಹಿಡಿದರೆ ಸದ್ದು ಸ್ವಚ್ಛವಾಗಿ ಬರುತ್ತದೆ, ಆದರೆ ಅದು ನೇಕಾರ ಕೇಳುವ ಸದ್ದು. ನಿಮಗೆ ಬೇಕಾದದ್ದು ಮಣ್ಣಿನ ಗೋಡೆ ದಾಟಿ ಬಂದ ಸದ್ದು, ಅದರಲ್ಲಿ ಕೀರಲು ಭಾಗವೆಲ್ಲ ಗೋಡೆಯಲ್ಲೇ ಉಳಿದು ಬರೀ ಗುದ್ದು ಕೇಳಿಸುತ್ತದೆ. ರಾಟಿ ನಿಲ್ಲಿಸಿ, ಯಾರೂ ಉಸಿರೆತ್ತದೆ, ಖಾಲಿ ಪಡಸಾಲೆಯ ಸದ್ದನ್ನೂ ಒಂದೆರಡು ನಿಮಿಷ ಹಿಡಿದಿಟ್ಟುಕೊಳ್ಳಿ. ಕತ್ತರಿಸಿದ ಕಡೆ ತೇಪೆ ಹಾಕಲು ಅದೇ ಬೇಕಾಗುತ್ತದೆ.

ಚಿತ್ರದ ಬಗ್ಗೆ ಒಂದೇ ಮಾತು. ಬೆಳಕಿಂಡಿಯ ಕೆಳಗೆ ಮತ್ತೆ ತೆಗೆಯುವುದಾದರೆ ಎಕ್ಸ್‌ಪೋಶರ್ (ಬೆಳಕಿನ ಮಟ್ಟ) ಲಾಕ್ ಮಾಡಿ, ಇಲ್ಲದಿದ್ದರೆ ಆಕೆ ಬೆಳಕಿನೊಳಗೆ ತಲೆ ಬಾಗಿಸಿದಾಗಲೆಲ್ಲ ಹಿಂದಿನ ಗೋಡೆ ಕಪ್ಪಾಗಿ ಬಿಳುಪಾಗಿ ಮಿಣುಕುತ್ತದೆ.

ಹಳೇ ಪೇಟೆ, ನವನಗರ:

ಮೇಲಿನ ತಾಂತ್ರಿಕ ಮಾತು ನನಗೆ ತಿಳಿಯದು. ಒಂಟಿತನದ ಬಗ್ಗೆ ಬರೆದಿದ್ದೀರೆಂದು ನಾನೂ ಬರೆಯುತ್ತಿದ್ದೇನೆ. ಆಲಮಟ್ಟಿ ಹಿನ್ನೀರಿಗೆ ನಮ್ಮ ಹಳೇ ಬಾಗಲಕೋಟೆಯ ತಗ್ಗಿನ ಓಣಿಗಳು ಹೋದಾಗ ನಮ್ಮ ಮನೆಯೂ ಹೋಯಿತು. ಪರಿಹಾರ ಬಂತು, ನವನಗರದಲ್ಲಿ ಸೈಟು ಬಂತು, ಸೆಕ್ಟರ್ ನಂಬರು ಬಂತು, ಅಗಲ ರಸ್ತೆ ಬಂತು. ಮನೆ ಕಟ್ಟಿಸುವಾಗ ನಾನೇ ಮುಂದೆ ನಿಂತು ಆಳೆತ್ತರದ ಕಾಂಪೌಂಡು, ಕಬ್ಬಿಣದ ಗೇಟು ಹಾಕಿಸಿದೆ.

ಹಳೇ ಮನೆಯಲ್ಲಿ ನಮ್ಮ ತಾಯಿ ಸಂಜೆಗೆ ಕಟ್ಟೆಯ ಮೇಲೆ ಕೂರುತ್ತಿದ್ದಳು. ಓಣಿ ಎಷ್ಟು ಇಕ್ಕಟ್ಟೆಂದರೆ ಎದುರು ಮನೆಯ ಒಗ್ಗರಣೆ ಇವಳಿಗೆ ಕೆಮ್ಮು ತರಿಸುತ್ತಿತ್ತು. ಶಾಲೆ ಬಿಟ್ಟ ಮಕ್ಕಳಲ್ಲಿ ಯಾರು ಅಳುತ್ತ ಬಂದರು, ಯಾವ ಸೊಸೆ ತವರಿಗೆ ಚೀಲ ಹಿಡಿದು ಹೊರಟಳು, ಎಲ್ಲದರ ಲೆಕ್ಕ ಅವಳ ಹತ್ತಿರ ಇತ್ತು. ಅವಳಿಗೆ ಹೇಳದೆ ಯಾರೂ ಆ ಓಣಿ ದಾಟುವಂತಿರಲಿಲ್ಲ. ಹೊಸ ಮನೆಯಲ್ಲಿ ನಾವು ಏಳು ಮಂದಿ ಇದ್ದೆವು, ಟಿವಿ ಇತ್ತು, ಫ್ಯಾನಿತ್ತು. ಅವಳು ಗೇಟಿನ ಸಂದಿಯಿಂದ ಹೊರಗೆ ನೋಡಿ, ಇಲ್ಲಿ ಎಲ್ಲ ಗಾಡಿಯದೂ ಒಂದೇ ಸದ್ದು ಎನ್ನುತ್ತಿದ್ದಳು. ಆಮೇಲೆ ನೋಡುವುದನ್ನೂ ಬಿಟ್ಟಳು.

ನಿಮ್ಮ ಚಿಗವ್ವನಿಗೆ ಪಕ್ಕದ ಮಗ್ಗ ನಿಂತದ್ದು ಗೊತ್ತಾಗುತ್ತದಲ್ಲ ತಾಯಿ, ಆಕೆಯ ಬಗ್ಗೆ ಮರುಗುವವರು ನಮ್ಮ ಸೆಕ್ಟರಿಗೆ ಬಂದು ನೋಡಲಿ. ಶಾಟ್ ಕತ್ತರಿಸಬೇಡಿ.

ಸೆರಗು, ಇಳಕಲ್ಲು:

ಕಾಕಾ, ನಿಮ್ಮ ತಾಯಿಯ ಮಾತು ಓದಿ ನಮ್ಮ ಅತ್ತೆಗೂ ಓದಿ ಹೇಳಿದೆ. ಕಾಂಪೌಂಡಿನ ಹೊರಗೆ ಎರಡು ಕಲ್ಲು ಹಾಕಿಸಿಕೊಡಲು ಏನಾಗಿತ್ತು ಎಂದು ನಿಮ್ಮನ್ನು ಕೇಳಲು ಹೇಳಿದ್ದಾರೆ. ಇದು ಅವರ ಮಾತು, ನನ್ನದಲ್ಲ.

ಹಳೇ ಪೇಟೆ, ನವನಗರ:

ಅವರಿಗೆ ನನ್ನ ನಮಸ್ಕಾರ ಹೇಳಮ್ಮ. ಕೇಳಬೇಕಾದ್ದನ್ನೇ ಕೇಳಿದ್ದಾರೆ.

ಬೆಳಕಿಂಡಿ, ಬಾಗಲಕೋಟೆ:

ಎಲ್ಲರಿಗೂ ಉಪಕಾರ. ಗುಳೇದಗುಡ್ಡಕ್ಕೆ ಹೋಗಿ ಬಂದೆ, ರೆಕಾರ್ಡರ್ ಬಾಡಿಗೆಗೆ ಸಿಕ್ಕಿತು. ಮೈಕಿನವರು ಹೇಳಿದ್ದು ಅಕ್ಷರಶಃ ನಿಜ. ಮೊದಲಿನ ಧ್ವನಿಯಲ್ಲಿ ಮಗ್ಗ ನಿಂತ ಕಡೆ ಹಾವು ಬುಸುಗುಟ್ಟಿದ ಹಾಗೆ ಕೇಳಿಸುತ್ತಿತ್ತು, ಈಗ ನಿಂತರೆ ನಿಂತೇಬಿಡುತ್ತದೆ. ಶಾಟ್ ಏಳನೆಯ ನಿಮಿಷಕ್ಕೆ ಹೋಗಿದೆ, 4 ನಿಮಿಷವೂ ಇದೆ. ತಮ್ಮ ಹೆಡ್‌ಫೋನ್ ಹಾಕಿಕೊಂಡು ನೋಡಿ, ಮಗ್ಗ ನಿಂತ ಕಡೆ ತಾನೂ ಎಡಕ್ಕೆ ತಿರುಗಿದ. ನಾನು ಏನೂ ಅನ್ನಲಿಲ್ಲ.

ಚಿಗವ್ವನ ಮಾತನ್ನೂ ಸೇರಿಸಿದ್ದೇನೆ. ಶಾಟ್ ಮೇಲೆ ಅಲ್ಲ, ಶಾಟ್ ಮುಗಿದ ನಂತರ. ಹಳೇ ರೀಲು ಸರ್ ಒಪ್ಪಲಿಕ್ಕಿಲ್ಲ, ಆದರೆ ಅವಳ ಮಾತಿನ ರುಚಿ ನೋಡಿದ ಮೇಲೆ ಬಿಡಲು ಮನಸ್ಸಾಗಲಿಲ್ಲ. ಆ ದಿನ ರೆಕಾರ್ಡರ್ ಇಟ್ಟಿದ್ದು ಅವಳಿಗೆ ಗೊತ್ತಿತ್ತು. ಕಂಡಿಕೆ ಸುತ್ತುತ್ತಲೇ ನೇಕಾರನ ಚಹಾ, ಅವನ ಹೆಂಡತಿಯ ಸಿಟ್ಟು, ಮೂಲೆಮನೆಯ ಮುದುಕನ ಕೋಲಿಗೆ ಹೊಸದಾಗಿ ಹಾಕಿಸಿದ ರಬ್ಬರಿನ ಬುಡ, ಹಾಲಿನವನ ಸೈಕಲ್ಲಿನ ಚೈನು ಎಲ್ಲ ಹೇಳಿದಳು. ಕೊನೆಗೆ, "ನೀನು ಈಗ ಹಾಕಿಕೊಂಡು ಬಂದ ಚಪ್ಪಲಿ ಹೋದ ಸಲದ್ದಲ್ಲ, ಎಷ್ಟು ಕೊಟ್ಟೆ?" ಎಂದು ಕೇಳಿದಳು. ಅದನ್ನೂ ಇಟ್ಟಿದ್ದೇನೆ. ಗವಾಕ್ಷ ಸರ್, ಕ್ಯಾಮೆರಾ ಹಿಡಿದವಳೂ ಗಮನಿಸಲ್ಪಟ್ಟದ್ದು ನಿಮ್ಮ ಲೆಕ್ಕದಲ್ಲಿ ಎಷ್ಟನೆಯ ನೋಟವೋ ತಿಳಿಸಿ. ಇದೆಲ್ಲ ಸೇರಿ ಚಿತ್ರ 14 ನಿಮಿಷಕ್ಕೆ ಬೆಳೆದಿದೆ, ತಮ್ಮನ ಮುಖ ನೋಡುವ ಹಾಗಿಲ್ಲ.

ಮೊದಲ ಪ್ರದರ್ಶನ ಚಿಗವ್ವನ ಮನೆಯ ಪಡಸಾಲೆಯಲ್ಲೇ ಮಾಡೋಣ ಎಂದಿದ್ದೇನೆ, ಓಣಿಯವರೆಲ್ಲ ಬರುತ್ತಾರೆ. ನೇಕಾರನ ಹೆಂಡತಿ ನೋಡಿದ ಮೇಲೆ ಚಹಾದ ವಿಷಯ ಏನಾಗುತ್ತದೋ ದೇವರೇ ಬಲ್ಲ. ಬಿಳಿ ಗೋಡೆ ಇದೆ, ಪ್ರೊಜೆಕ್ಟರ್ ಇಲ್ಲ. ಬಾಗಲಕೋಟೆ, ಬಾದಾಮಿ ಕಡೆ ಯಾರ ಬಳಿಯಾದರೂ ಇದ್ದರೆ ತಿಳಿಸಿ.

ಮೈಕು, ಜಮಖಂಡಿ:

ನನ್ನ ಬಳಿ ಇದೆ, ಸ್ಪೀಕರ್ ಸಮೇತ ತರುತ್ತೇನೆ. ಪೆಟ್ರೋಲ್ ಖರ್ಚು ಕೊಡಿ, ರೊಟ್ಟಿ ಊಟ ಹಾಕಿಸಿ. ಬೆಳಕಿಂಡಿಗೆ ಮುಚ್ಚಲು ಏನಾದರೂ ಇದೆಯೇ, ಅಥವಾ ರಾತ್ರಿಯೇ ಬರಲೇ?

ಬೆಳಕಿಂಡಿ, ಬಾಗಲಕೋಟೆ:

ರಾತ್ರಿ ಊಟದ ಹೊತ್ತಿಗೇ ಬನ್ನಿ. ಮಗ್ಗ ನಿಂತ ಮೇಲೆ.